ಏಳು ದಿನದ ಅಪಘಾತ, ಆರು ವರ್ಷದ ಮೊಣಕಾಲು

ರಸ್ತೆ ಅಪಘಾತದಲ್ಲಿ ಗಾಯಗೊಂಡವರಿಗೆ 1.5 ಲಕ್ಷ ರೂಪಾಯಿವರೆಗೆ ನಗದುರಹಿತ ಚಿಕಿತ್ಸೆ ಕೊಡುವ ಯೋಜನೆಯನ್ನು ಕೇಂದ್ರ ಸರ್ಕಾರ 2025ರ ಮೇ ತಿಂಗಳಲ್ಲಿ ಜಾರಿಗೆ ತಂದಿತು. ಅಪಘಾತವಾದ ದಿನದಿಂದ 7 ದಿನ, ಅಷ್ಟೇ ಅದರ ಅವಧಿ. ಒಳ್ಳೆಯ ಯೋಜನೆ. ರಕ್ತ ಸುರಿಯುತ್ತಿರುವಾಗ ‘ಮೊದಲು ಅಡ್ವಾನ್ಸ್ ಕಟ್ಟಿ’ ಎನ್ನುವ ಮಾತು ತಪ್ಪಿದರೆ ಅದೇ ದೊಡ್ಡದು. 2016ರಲ್ಲಿ ನಮ್ಮ ರಾಜ್ಯ ಹರೀಶ್ ಸಾಂತ್ವನ ಯೋಜನೆ ತಂದಾಗ ಮಿತಿ 48 ಗಂಟೆ ಮತ್ತು 25 ಸಾವಿರ ರೂಪಾಯಿ ಇತ್ತು. ಅದಕ್ಕೆ ಹೋಲಿಸಿದರೆ ಇದು ಬಹಳ ಮುಂದೆ ಬಂದಿದೆ.

ಆದರೆ ಇದು ಜೀವ ಉಳಿಸುವ ಲೆಕ್ಕ. ಜೀವ ಉಳಿದ ಮೇಲೆ ಕುಂಟುತ್ತಾ ಬದುಕುವವರ ಲೆಕ್ಕ ಬೇರೆಯೇ ಇದೆ. ಅದನ್ನು ಯಾರೂ ಸರಿಯಾಗಿ ಬರೆದಿಡುತ್ತಿಲ್ಲ.

ಕೇಂದ್ರ ಸಾರಿಗೆ ಸಚಿವಾಲಯದ ಅಂಕಿಗಳ ಪ್ರಕಾರ 2022ರಲ್ಲಿ ದೇಶದಲ್ಲಿ ರಸ್ತೆ ಅಪಘಾತಗಳಿಂದ 1,68,491 ಜನ ಸತ್ತರು, 4,43,366 ಜನ ಗಾಯಗೊಂಡರು. ಸತ್ತವರ ಸುದ್ದಿ ಪೇಪರ್‌ನಲ್ಲಿ ಬರುತ್ತದೆ. ಆ ನಾಲ್ಕೂವರೆ ಲಕ್ಷದಷ್ಟು ಜನ ಮುಂದೆ ಏನಾದರು? ಎಷ್ಟು ಜನ ಮೊದಲಿನ ಕೆಲಸಕ್ಕೆ ಮರಳಿದರು, ಎಷ್ಟು ಜನರಿಗೆ ಫಿಟ್ಸ್ ಶುರುವಾಯಿತು, ಎಷ್ಟು ಜನ ಗಾಲಿಕುರ್ಚಿ ಹಿಡಿದರು? ಆ ವರದಿಯಲ್ಲಿ ಇದಕ್ಕೆ ಕಾಲಂ ಇಲ್ಲ. ನಮ್ಮ ವ್ಯವಸ್ಥೆ ಅಪಘಾತವನ್ನು ಒಂದೇ ಸಲ ಎಣಿಸುತ್ತದೆ, ಅದು ನಡೆದ ದಿನ. ಆಮೇಲೆ ಬಂದ ನೋವೆಲ್ಲ ಬರೀ ಕಾಯಿಲೆಯಾಗಿ ಆಸ್ಪತ್ರೆಯ ಪುಸ್ತಕ ಸೇರುತ್ತದೆ. ಈ ಎರಡನ್ನು ಜೋಡಿಸುವ ದಾರವೊಂದು ಕಾಗದದಲ್ಲಿ ಇರಬೇಕು. ಅದು ಇದೆ ಕೂಡ. ಮೆಡಿಕಲ್ ಕೋಡಿಂಗ್‌ನಲ್ಲಿ, ಅಂದರೆ ಕಾಯಿಲೆ, ಗಾಯಗಳನ್ನು ಸಂಕೇತಗಳಲ್ಲಿ ಬರೆದಿಡುವ ಕೆಲಸದಲ್ಲಿ, ಅದನ್ನು ‘ಸೀಕ್ವೆಲಾ’ ಕೋಡ್ ಎನ್ನುತ್ತಾರೆ. ಗಾಯ ಮಾಗಿದ ಮೇಲೂ ಉಳಿದ ತೊಂದರೆ ಎಂದರ್ಥ.

ಒಂದು ಉದಾಹರಣೆ ಹಿಡಿಯೋಣ. ಜಮಖಂಡಿ ಕಡೆಯ ಗೌಂಡಿ, ವಯಸ್ಸು 34. ಡಿಸೆಂಬರ್ ತಿಂಗಳು, ಕಬ್ಬಿನ ಸೀಸನ್. ಬಾಗಲಕೋಟೆ, ಬೆಳಗಾವಿ, ವಿಜಯಪುರದ ರಸ್ತೆಗಳ ಮೇಲೆ ಆ ಕಾಲಕ್ಕೆ ಓಡಾಡಿದವರಿಗೆ ಬಿಡಿಸಿ ಹೇಳಬೇಕಿಲ್ಲ. ಒಂದು ಟ್ರ್ಯಾಕ್ಟರ್‌ಗೆ ಎರಡು ಟ್ರೇಲರ್, ರಸ್ತೆಯ ಅರ್ಧ ನುಂಗುವಷ್ಟು ಕಬ್ಬು. ಹಿಂದೆ ದೀಪವೂ ಇಲ್ಲ, ರಿಫ್ಲೆಕ್ಟರೂ ಇಲ್ಲ. ಕತ್ತಲಲ್ಲಿ ಕೆಟ್ಟು ನಿಂತ ಟ್ರೇಲರ್ ಬೈಕಿನ ಬೆಳಕಿಗೆ ಕಾಣುವ ಹೊತ್ತಿಗೆ ಬ್ರೇಕ್ ಹಿಡಿಯಲು ಜಾಗವೇ ಉಳಿದಿರುವುದಿಲ್ಲ. ನಮ್ಮ ಗೌಂಡಿಯ ಬಲಗಾಲಿನ ಮೊಣಕಾಲ ಕೀಲಿನೊಳಗೇ ಎಲುಬು ಒಡೆಯಿತು. ಆಪರೇಷನ್ ಮಾಡಿ ಪ್ಲೇಟ್ ಹಾಕಿದರು. ಹತ್ತು ದಿನಕ್ಕೆ ಡಿಸ್ಚಾರ್ಜ್.

ಐದಾರು ವರ್ಷ ಕಳೆಯಿತು. ಎಲುಬು ಕೂಡಿದೆ, ಆದರೆ ಕೀಲಿನ ಮೇಲ್ಮೈ ಸಮವಾಗಿ ಕೂಡಿಲ್ಲ. ಮೊಣಕಾಲು ಸವೆದಿದೆ. ಕುಕ್ಕರಗಾಲಲ್ಲಿ ಕೂರಲು ಆಗದು, ಸಾರವೆ ಹತ್ತಲು ಆಗದು. ಈಗ ಬೇರೆ ಆಸ್ಪತ್ರೆಗೆ ಹೋದ. ಎಕ್ಸ್‌ರೇ ನೋಡಿ ಡಾಕ್ಟರ್ ಚೀಟಿಯಲ್ಲಿ ಬರೆದದ್ದು ಎರಡೇ ಮಾತು: ‘ಓಎ ನೀ’. ಅಂದರೆ ಮೊಣಕಾಲ ಸಂಧಿವಾತ. ತಪ್ಪೇನಲ್ಲ, ಇರುವುದು ಅದೇ. ಆದರೆ ಆ ಎರಡು ಮಾತಿನಿಂದ 40ರ ಗೌಂಡಿ, 70 ವರ್ಷ ದುಡಿದು ಸವೆದ ಅಜ್ಜಿಯ ಸಾಲಿನಲ್ಲಿ ಹೋಗಿ ಕೂತ. ಕಬ್ಬಿನ ಟ್ರೇಲರ್ ಅವನ ಕಥೆಯಿಂದ ಮಾಯವಾಯಿತು.

ಅಕ್ಷರ, ಅಂಕಿ ಮತ್ತು ನಡುವಿನ ದಾರ

ರೋಗಗಳಿಗೆ ಕೋಡ್ ಕೊಡುವ ಪದ್ಧತಿ ವಿಶ್ವ ಆರೋಗ್ಯ ಸಂಸ್ಥೆಯದು. ನಮ್ಮಲ್ಲಿ ಹೆಚ್ಚಾಗಿ ಬಳಕೆಯಲ್ಲಿರುವುದು ಅದರ ಹತ್ತನೇ ಆವೃತ್ತಿ, ಐಸಿಡಿ-10. ಒಂದು ಅಕ್ಷರ, ಮುಂದೆ ಒಂದಿಷ್ಟು ಅಂಕಿ. ಅದರಲ್ಲಿ ಅಪಘಾತವನ್ನು ಎರಡು ಕಡೆಯಿಂದ ನೋಡುತ್ತಾರೆ. ದೇಹಕ್ಕೆ ಏನಾಯಿತು ಎನ್ನುವುದಕ್ಕೆ ಎಸ್ ಮತ್ತು ಟಿ ಅಕ್ಷರದ ಕೋಡ್‌ಗಳು. ಹೇಗಾಯಿತು ಎನ್ನುವುದಕ್ಕೆ ವಿ, ಡಬ್ಲ್ಯು, ಎಕ್ಸ್, ವೈ.

ಗೌಂಡಿಯ ಕಾಲು ಮುರಿದ ದಿನ ಅದು ಎಸ್82.1, ಮೊಣಕಾಲ ಕೆಳಗಿನ ದಪ್ಪ ಎಲುಬಿನ ಮೇಲ್ತುದಿ ಮುರಿದದ್ದು. ಜೊತೆಗೆ ಬೈಕ್ ಸವಾರ ಎನ್ನುವುದಕ್ಕೆ ವಿ20ರಿಂದ ವಿ29ರ ನಡುವಿನ ಒಂದು ಕೋಡ್. ಯಾವುದು ಎನ್ನುವುದು ಆತ ಏನಕ್ಕೆ ಗುದ್ದಿದ ಎನ್ನುವುದರ ಮೇಲೆ ನಿಂತಿದೆ. ಕಾರಿಗಾದರೆ ವಿ23, ಲಾರಿ ಅಥವಾ ಬಸ್ಸಿಗಾದರೆ ವಿ24, ಯಾವುದಕ್ಕೂ ಗುದ್ದದೆ ತಾನೇ ಬಿದ್ದಿದ್ದರೆ ವಿ28. ಚಕ್ಕಡಿಯಲ್ಲಿ ಕೂತವನಿಗೆ ವಿ80. ಟ್ರ್ಯಾಕ್ಟರ್ ಮೇಲೆ ಹೋಗುತ್ತಿದ್ದವನಿಗೆ ವಿ84. ಇಷ್ಟೊಂದು ವಿವರ ಯಾಕೆ ಎನಿಸಬಹುದು. ರಸ್ತೆ ಸುರಕ್ಷತೆಯ ಕೆಲಸ ಮಾಡುವವರಿಗೆ ಬೇಕಾದದ್ದು ಇದೇ. ಕಾಲು ಮುರಿಯಿತು ಎಂದಷ್ಟೇ ಗೊತ್ತಾದರೆ ಅವರು ಮಾಡುವುದೇನು?

ಆರು ವರ್ಷದ ಮೇಲೆ ಕೋಡ್ ಬದಲಾಗಬೇಕು. ಎಲುಬು ಈಗ ಮುರಿದಿಲ್ಲ, ಹಾಗಾಗಿ ಎಸ್82.1 ಬರೆಯುವಂತಿಲ್ಲ. ಬರೀ ಸಂಧಿವಾತ ಎಂದರೆ ಎಂ17.9. ಪೆಟ್ಟಿನಿಂದ ಬಂದ ಸಂಧಿವಾತ ಎಂದರೆ ಎಂ17.3. ಅದರ ಜೊತೆಗೆ ಟಿ93.2, ಅಂದರೆ ಕಾಲಿನ ಎಲುಬು ಮುರಿತದ ಉಳಿದ ಪರಿಣಾಮ. ಇನ್ನೊಂದು ವೈ85.0, ಅಂದರೆ ಮೋಟಾರು ವಾಹನ ಅಪಘಾತದ ಉಳಿದ ಪರಿಣಾಮ. ಟಿ90ರಿಂದ ಟಿ98ರವರೆಗೆ ಇಂಥ ಉಳಿದ ಗಾಯಗಳಿಗೆಂದೇ ಜಾಗ ಇಟ್ಟಿದ್ದಾರೆ. ತಲೆಗೆ ಟಿ90, ಕುತ್ತಿಗೆ ಮತ್ತು ಮುಂಡಕ್ಕೆ ಟಿ91, ಕೈಗೆ ಟಿ92, ಕಾಲಿಗೆ ಟಿ93, ಸುಟ್ಟ ಗಾಯಕ್ಕೆ ಟಿ95. ‘ಹಳೆಯ ಗಾಯದ ಪರಿಣಾಮ’ ಎಂದು ಡಾಕ್ಟರ್ ಬರೆದಿದ್ದರೆ, ಅಥವಾ ಗಾಯವಾಗಿ ಒಂದು ವರ್ಷವಾದ ಮೇಲೂ ತೊಂದರೆ ಇದ್ದರೆ, ಈ ಗುಂಪಿಗೆ ಸೇರಿಸಬಹುದು.

ಎರಡು ಕೊರತೆ ಇಲ್ಲಿಯೇ ಇವೆ. ಮೊದಲನೆಯದು, ಆಸ್ಪತ್ರೆಯ ಚಿಕಿತ್ಸೆಗೆ ಸಂಬಂಧಿಸಿದ ನಿಯಮದಲ್ಲಿ ಈಗಿರುವ ತೊಂದರೆಯ ಕೋಡ್ ಮುಖ್ಯ, ‘ಉಳಿದ ಪರಿಣಾಮ’ದ ಕೋಡ್ ಬೇಕಾದರೆ ಸೇರಿಸಿ ಎಂದಿದೆ. ಬೇಕಾದರೆ ಎಂದದ್ದು ನಮ್ಮಲ್ಲಿ ಬೇಡ ಎಂದೇ ಆಗುತ್ತದೆ, ಅಲ್ವಾ? ಎರಡನೆಯದು ಇನ್ನೂ ಜಾಸ್ತಿ ಕಾಡುವಂಥದ್ದು. ಮೊದಲ ದಿನ ಬೈಕೋ ಚಕ್ಕಡಿಯೋ ಟ್ರ್ಯಾಕ್ಟರೋ ಎಂದು ಅಷ್ಟು ಬಿಡಿಸಿ ಕೇಳಿದ ಅದೇ ಪುಸ್ತಕ, ವರ್ಷಗಳ ನಂತರ ಎಲ್ಲವನ್ನೂ ವೈ85.0 ಎಂಬ ಒಂದೇ ಚೀಲಕ್ಕೆ ಹಾಕಿಬಿಡುತ್ತದೆ. ಎಲ್ಲ ಸರಿಯಾಗಿ ಬರೆದರೂ ಟ್ರೇಲರ್ ಕಾಣೆ.

ಅಮೆರಿಕದವರು ಐಸಿಡಿ-10ನ್ನೇ ತಮಗೆ ಬೇಕಾದಂತೆ ಬದಲಿಸಿಕೊಂಡು 2015ರ ಅಕ್ಟೋಬರ್‌ನಿಂದ ಬಳಸುತ್ತಿದ್ದಾರೆ. ಅದರಲ್ಲಿ ಟಿ90–ಟಿ98 ಗುಂಪೇ ಇಲ್ಲ. ಬದಲಿಗೆ ಮೂಲ ಗಾಯದ ಕೋಡ್ ಹಾಗೇ ಇಟ್ಟು, ಏಳನೇ ಜಾಗದಲ್ಲಿ ಒಂದು ಅಕ್ಷರ ಸೇರಿಸುತ್ತಾರೆ. ಗಾಯಕ್ಕೆ ನೇರ ಚಿಕಿತ್ಸೆ ನಡೆಯುತ್ತಿದ್ದರೆ ಎ. ಮಾಗುವ ಹಂತದ ಭೇಟಿಗಳಿಗೆ ಡಿ. ಮಾಗಿದ ಮೇಲೆ ಉಳಿದ ತೊಂದರೆಗೆ ಎಸ್. ನಮ್ಮ ಗೌಂಡಿಗೆ ಅವರ ಲೆಕ್ಕದಲ್ಲಿ ಮೊದಲು ಎಂ17.31, ಬಲ ಮೊಣಕಾಲಿನ ಪೆಟ್ಟಿನ ಸಂಧಿವಾತ. ಅದರ ಹಿಂದೆ ಹಳೆಯ ಮುರಿತದ ಕೋಡ್, ಕೊನೆಗೊಂದು ಎಸ್ ಸೇರಿಸಿ: ಎಸ್82.141ಎಸ್. ಅಪಘಾತ ಹೇಗಾಯಿತು ಎನ್ನುವ ವಿ ಕೋಡ್‌ಗೂ ಕೊನೆಯಲ್ಲಿ ಎಸ್. ಬೈಕು ಯಾವುದಕ್ಕೆ ಗುದ್ದಿತು ಎನ್ನುವುದು ಹತ್ತು ವರ್ಷದ ಮೇಲೂ ಉಳಿಯುತ್ತದೆ. ವರ್ಷದ ಗಡುವೂ ಇಲ್ಲ, ಮೂರು ತಿಂಗಳಿಗೇ ಆಗಬಹುದು, ಮೂವತ್ತು ವರ್ಷಕ್ಕೂ ಆಗಬಹುದು.

ಆದರೆ ಅದೂ ಸಲೀಸಲ್ಲ. ಎಲುಬು ಕೂಡಲೇ ಇಲ್ಲ, ಅಥವಾ ಸೊಟ್ಟಗೆ ಕೂಡಿದೆ ಎಂದರೆ ಅದು ಎಸ್ ಅಲ್ಲ. ಕೂಡದ್ದಕ್ಕೆ ಕೆ, ಸೊಟ್ಟಗೆ ಕೂಡಿದ್ದಕ್ಕೆ ಪಿ, ತೆರೆದ ಗಾಯವಾಗಿದ್ದರೆ ಮತ್ತೆ ಬೇರೆ ಅಕ್ಷರ. ಗಾಯದ ಅಧ್ಯಾಯ ಮುಗಿದಿಲ್ಲ ಎಂಬ ತರ್ಕ. ಹೊಸ ಕೋಡರ್‌ಗಳು ಎಡವುವುದು ಹೆಚ್ಚಾಗಿ ಇಲ್ಲಿಯೇ. ಹಳೆಯ ಅಪಘಾತ ಎಂದ ಕೂಡಲೇ ಎಸ್ ಹಾಕಿಬಿಡುತ್ತಾರೆ.

ಇಲ್ಲೊಂದು ವಿಚಿತ್ರ ಹೇಳಲೇಬೇಕು. ಈ ಎ, ಡಿ, ಎಸ್ ಪಾಠ ನಮ್ಮ ಹುಡುಗರಿಗೆ ಬಾಯಿಪಾಠ. ಬಿ.ಎಸ್ಸಿ., ನರ್ಸಿಂಗ್, ಬಿ.ಫಾರ್ಮ್ ಮುಗಿಸಿದವರು ಸಿಪಿಸಿ ಎಂಬ ಕೋಡಿಂಗ್ ಪರೀಕ್ಷೆ ಕಟ್ಟಿ ಬೆಂಗಳೂರು, ಚೆನ್ನೈ, ಹೈದರಾಬಾದ್ ಕಂಪನಿಗಳಲ್ಲಿ ಅಮೆರಿಕದ ಆಸ್ಪತ್ರೆಗಳ ಫೈಲ್ ಓದುತ್ತಾರೆ. ಓಹಿಯೋದಲ್ಲಿ ಯಾರೋ ಹತ್ತು ವರ್ಷದ ಹಿಂದೆ ಬೈಕಿನಿಂದ ಬಿದ್ದದ್ದಕ್ಕೂ ಇವತ್ತಿನ ಮೊಣಕಾಲು ನೋವಿಗೂ ಗಂಟು ಹಾಕುವ ಹುಡುಗಿಯ ಊರು ಗೋಕಾಕ್ ಇರಬಹುದು. ಅವಳ ಚಿಕ್ಕಪ್ಪನ ಮೊಣಕಾಲಿಗೆ ಆ ಗಂಟು ಹಾಕುವವರು ಇಲ್ಲ. ಕೌಶಲ ಇಲ್ಲವೆಂದಲ್ಲ. ಅಲ್ಲಿ ಕೋಡ್ ತಪ್ಪಿದರೆ ಆಸ್ಪತ್ರೆಗೆ ದುಡ್ಡು ಬರುವುದಿಲ್ಲ. ಇಲ್ಲಿ ಕೋಡ್ ಬರೆಯದಿದ್ದರೂ ಯಾರ ಗಂಟೂ ಹೋಗುವುದಿಲ್ಲ, ರೋಗಿಯದನ್ನು ಬಿಟ್ಟು.

ಇದರಲ್ಲಿ ಕೋಡರ್‌ಗಳನ್ನು ದೂರುವುದು ಸುಮ್ನೆ. ಕೋಡರ್ ಊಹೆ ಮಾಡುವಂತಿಲ್ಲ, ಅದು ಆ ಕೆಲಸದ ಮೊದಲ ನಿಯಮ. ಫೈಲಿನ ಒಂದು ಮೂಲೆಯಲ್ಲಿ ‘ಹಳೆಯ ಫ್ರ್ಯಾಕ್ಚರ್, ಪ್ಲೇಟ್ ಇದೆ’ ಎಂದಿದೆ, ಇನ್ನೊಂದು ಮೂಲೆಯಲ್ಲಿ ‘ಸಂಧಿವಾತ’ ಎಂದಿದೆ. ಇದರಿಂದಲೇ ಅದು ಬಂತು ಎಂದು ಡಾಕ್ಟರ್ ಬರೆಯದೆ ಅವೆರಡನ್ನು ಕೂಡಿಸಲು ಬರುವುದಿಲ್ಲ. ‘ಇಂಥ ತಿಂಗಳ ರಸ್ತೆ ಅಪಘಾತದಲ್ಲಿ ಆದ ಮುರಿತದಿಂದ’ ಎಂಬ ಒಂದು ಸಾಲು ಸಾಕು. ಒಂದು ಓಪಿಡಿಯಲ್ಲಿ ಬೆಳಗಿನಿಂದ ನೂರು ಜನರನ್ನು ನೋಡುವ ಡಾಕ್ಟರ್ ಆ ಸಾಲು ಬರೆಯುವುದಿಲ್ಲ. ಅವರ ಕಷ್ಟ ಅರ್ಥವಾಗುತ್ತದೆ. ಅಪಘಾತವಾದಾಗ ಚಿಕಿತ್ಸೆ ಮೀರಜ್‌ನಲ್ಲೋ ಸೊಲ್ಲಾಪುರದಲ್ಲೋ ಆಗಿರುತ್ತದೆ, ಹಳೆಯ ಕಾಗದ ಮನೆಯ ಟ್ರಂಕಿನಲ್ಲಿರುತ್ತದೆ, ಕೆಲವೊಮ್ಮೆ ಅದೂ ಇಲ್ಲ. ನಡುವೆ ನಾಟಿ ವೈದ್ಯರ ಹತ್ತಿರ ಕಟ್ಟು ಹಾಕಿಸಿಕೊಂಡಿದ್ದರೆ ಆ ಮೂರು ತಿಂಗಳಿಗೆ ಯಾವ ದಾಖಲೆಯೂ ಇರುವುದಿಲ್ಲ.

ತಲೆಪೆಟ್ಟು ಮತ್ತು ಬೆನ್ನುಹುರಿ

ಕಾಲು ಕುಂಟಿದರೆ ಕಣ್ಣಿಗೆ ಕಾಣುತ್ತದೆ. ತಲೆಪೆಟ್ಟಿನದು ಹಾಗಲ್ಲ. ನಿಪ್ಪಾಣಿಯಿಂದ ಕಿತ್ತೂರಿನವರೆಗಿನ ಹೈವೇಯಲ್ಲಿ ಹೆಲ್ಮೆಟ್ ಇಲ್ಲದೆ ಬಿದ್ದವನೊಬ್ಬನ ಸಿ.ಟಿ. ಸ್ಕ್ಯಾನ್‌ನಲ್ಲಿ ರಕ್ತದ ಗಂಟು ಕರಗಿತು, ಮನೆಗೆ ಬಂದ ಎಂದುಕೊಳ್ಳಿ. ಎರಡು ವರ್ಷದ ಮೇಲೆ ಹೊಲದಲ್ಲಿ ಫಿಟ್ಸ್ ಬಂತು. ಹೋದ ಕಡೆ ‘ಎಪಿಲೆಪ್ಸಿ’ ಎಂದು ಬರೆದರು, ಜಿ40.9. ಟಿ90.5 ಸೇರಿಸಿದ್ದರೆ, ತಲೆಬುರುಡೆಯ ಒಳಗಿನ ಹಳೆಯ ಪೆಟ್ಟಿನದು ಎಂದು ತಿಳಿಯುತ್ತಿತ್ತು. ಇಲ್ಲದಿದ್ದರೆ ಮನೆಯವರು ‘ನಮ್ಮ ವಂಶದಾಗ ಯಾರಿಗೂ ಇರಲಿಲ್ಲ’ ಎಂದು ದೇವರು ದಿಂಡರು ತಿರುಗುತ್ತಾರೆ.

ಇನ್ನು ಸ್ವಭಾವ ಬದಲಾಗುವುದು. ‘ಮೊದಲ್ನಂಗ ಇಲ್ರೀ, ಸಿಟ್ಟು ಭಾಳ ಆಗೈತಿ, ಈಗ ಹೇಳಿದ್ದು ಈಗ ಮರೀತಾನ’ ಎಂದು ಹೆಂಡತಿ ಹೇಳುವ ಮಾತು ಯಾವ ಚೀಟಿಯಲ್ಲೂ ಬರುವುದಿಲ್ಲ. ಐಸಿಡಿ-10ರಲ್ಲಿ ಅದಕ್ಕೂ ಎಫ್07 ಎಂಬ ಜಾಗವಿದೆ. ಮೂಳೆ ಡಾಕ್ಟರ್ ಆ ಪ್ರಶ್ನೆ ಕೇಳುವುದಿಲ್ಲ, ಮನೋವೈದ್ಯರ ಬಳಿಗೆ ಇವರು ಹೋಗುವುದಿಲ್ಲ. ನನ್ನ ಮಟ್ಟಿಗೆ ಅಪಘಾತದ ಉಳಿದ ಪರಿಣಾಮಗಳಲ್ಲಿ ಅತಿ ಹೆಚ್ಚು ಕಳೆದುಹೋಗುವುದು ಇದೇ. ಕೆಲಸ ಬಿಡುತ್ತಾನೆ, ಮನೆಯಲ್ಲಿ ಜಗಳ, ಕುಡಿತ ಶುರುವಾಗುತ್ತದೆ. ಊರವರ ಕಣ್ಣಿಗೆ ಕೆಟ್ಟವನಾಗುತ್ತಾನೆ, ಆಸ್ಪತ್ರೆಯ ಕಡತದಲ್ಲಿ ಆರೋಗ್ಯವಂತನಾಗಿಯೇ ಇರುತ್ತಾನೆ.

ಬೆನ್ನುಹುರಿ ಕಡಿದವರದು ಸಾವಿನ ಲೆಕ್ಕವನ್ನೂ ತಪ್ಪಿಸುತ್ತದೆ. ಸೊಂಟದ ಕೆಳಗೆ ಸ್ವಾಧೀನ ಹೋದವನು ಎರಡು ವರ್ಷ ಮಲಗಿ, ಬೆನ್ನಿಗೆ ಹಾಸಿಗೆ ಹುಣ್ಣಾಗಿ, ನಂಜು ಏರಿ ಸಾಯುತ್ತಾನೆ. ಸಾವಿನ ಕಾರಣದ ವೈದ್ಯಕೀಯ ಪ್ರಮಾಣಪತ್ರದಲ್ಲಿ, ಅಂದರೆ ಫಾರ್ಮ್ 4ರಲ್ಲಿ, ಕೊನೆಯ ಕಾರಣವನ್ನು ಮೇಲೆ ಬರೆದು, ಅದರ ಕೆಳಗೆ ಮೂಲ ಕಾರಣದವರೆಗೆ ಇಳಿಯಬೇಕು. ನಂಜು, ಹುಣ್ಣು, ಸ್ವಾಧೀನ ಹೋದದ್ದು, ಬೆನ್ನುಹುರಿ ಪೆಟ್ಟು, ಎರಡು ವರ್ಷದ ಹಿಂದಿನ ಅಪಘಾತ. ಹೀಗೆ ಬರೆದರೆ ಮೂಲ ಕಾರಣ ವೈ85.0 ಆಗುತ್ತದೆ. ‘ಹೃದಯ ಮತ್ತು ಉಸಿರಾಟ ನಿಂತು ಸಾವು’ ಎಂದು ಬರೆದು ಸಹಿ ಹಾಕಿದರೆ ಏನೂ ಆಗುವುದಿಲ್ಲ. ಸತ್ತವರೆಲ್ಲರದೂ ಹೃದಯ ಮತ್ತು ಉಸಿರಾಟ ನಿಂತೇ ಇರುತ್ತದೆ! ಪೊಲೀಸ್ ಲೆಕ್ಕದಲ್ಲಂತೂ ಅಪಘಾತವಾಗಿ 30 ದಿನದೊಳಗೆ ಸತ್ತರೆ ಮಾತ್ರ ರಸ್ತೆ ಸಾವು.

ಒಂದೊಂದು ಕಚೇರಿಗೆ ಒಂದೊಂದು ಗಡಿಯಾರ

ಇದು ಇಡೀ ವಿಷಯದ ಹೃದಯ ಎನ್ನಬಹುದು. ನಗದುರಹಿತ ಚಿಕಿತ್ಸೆಗೆ 7 ದಿನ. ಆಯುಷ್ಮಾನ್ ಭಾರತ್ ಯೋಜನೆಯಲ್ಲಿ ಆಸ್ಪತ್ರೆಯಿಂದ ಬಿಡುಗಡೆಯಾದ ಮೇಲೆ 15 ದಿನದ ಔಷಧ, ತಪಾಸಣೆ ಸೇರುತ್ತದೆ. ಹೊರರೋಗಿಯಾಗಿ ತಿಂಗಳುಗಟ್ಟಲೆ ಮಾಡಿಸುವ ಫಿಸಿಯೋಥೆರಪಿಗೆ ಅದರಲ್ಲಿ ಜಾಗವಿಲ್ಲ. ಮೊಣಕಾಲಿಗೆ ಸಕಾಲಕ್ಕೆ ಬೇಕಾದದ್ದು ಅದೇ. ಪೊಲೀಸರ ‘ತೀವ್ರ ಗಾಯ’ಕ್ಕೆ 15 ದಿನದ ಅಳತೆ. ಹೊಸ ಭಾರತೀಯ ನ್ಯಾಯ ಸಂಹಿತೆಯ 116ನೇ ಕಲಂ ಪ್ರಕಾರ 15 ದಿನ ತೀವ್ರ ನೋವು ಇದ್ದರೆ ಅಥವಾ ದಿನದ ಕೆಲಸ ಆಗದಿದ್ದರೆ ತೀವ್ರ ಗಾಯ. ಎಲುಬು ಅಥವಾ ಹಲ್ಲು ಮುರಿದರೂ ತೀವ್ರ ಗಾಯವೇ. ಒಂದು ಹಲ್ಲು ಹೋದವನೂ ಬೆನ್ನುಹುರಿ ಕಡಿದವನೂ ಒಂದೇ ಕಾಲಂನಲ್ಲಿ ಒಂದೊಂದು ಗೀಟು.

ಪರಿಹಾರದ ಅರ್ಜಿಗೆ 6 ತಿಂಗಳು. ಮೋಟಾರು ವಾಹನ ಕಾಯ್ದೆಯ 2019ರ ತಿದ್ದುಪಡಿಯಲ್ಲಿ ಬಂದ ಈ ಮಿತಿ 2022ರ ಏಪ್ರಿಲ್ 1ರಿಂದ ಜಾರಿಯಾಯಿತು. ಸುಪ್ರೀಂ ಕೋರ್ಟ್ ಮುಂದೆ ಅದು ಪ್ರಶ್ನೆಗೆ ಒಳಗಾಗಿದೆ. ಗೌಂಡಿಯ ಮೊಣಕಾಲು ಸವೆಯಲು ಆರು ವರ್ಷ ಬೇಕಾಯಿತು, ಅರ್ಜಿ ಹಾಕಲು ಇದ್ದದ್ದು ಆರು ತಿಂಗಳು. ಕೊನೆಗೆ ಕಡತ. ವೈದ್ಯಕೀಯ ನೀತಿಸಂಹಿತೆಯ 2002ರ ನಿಯಮದಂತೆ ಡಾಕ್ಟರ್ ಒಳರೋಗಿಯ ದಾಖಲೆಯನ್ನು ಚಿಕಿತ್ಸೆ ಶುರುವಾದ ದಿನದಿಂದ 3 ವರ್ಷ ಇಟ್ಟುಕೊಂಡರೆ ಸಾಕು. ಆಮೇಲೆ ಕೇಳಿದರೆ ಸಿಗಬಹುದು, ಸಿಗದೆಯೂ ಇರಬಹುದು. ಅಪಘಾತದ ಉಳಿದ ಪರಿಣಾಮ ಎದ್ದು ನಿಲ್ಲುವ ಹೊತ್ತಿಗೆ ಎಲ್ಲ ಗಡಿಯಾರಗಳೂ ನಿಂತಿರುತ್ತವೆ.

ದುಡ್ಡಿನ ಮಾತು

ಕೋಡ್ ನೋಡಿ ಯಾವ ಮೋಟಾರು ಅಪಘಾತ ಪರಿಹಾರ ನ್ಯಾಯಮಂಡಳಿಯೂ ಹಣ ಕೊಡುವುದಿಲ್ಲ. ಅದು ನೋಡುವುದು ವೂಂಡ್ ಸರ್ಟಿಫಿಕೇಟ್ (ಗಾಯದ ಪ್ರಮಾಣಪತ್ರ), ಕೇಸ್ ಶೀಟ್, ಅಂಗವೈಕಲ್ಯದ ಬಗ್ಗೆ ಡಾಕ್ಟರ್ ಸಾಕ್ಷಿ. ಆದರೆ ಕೋಡ್ ಹಾಕಲು ಬೇಕಾದ ಆ ಒಂದು ಸಾಲು, ಇದರಿಂದಲೇ ಅದು ಬಂತು ಎಂಬ ಸಾಲು, ಅಲ್ಲಿಯೂ ಬೇಕು.

2010ರಲ್ಲಿ ರಾಜಕುಮಾರ್ ವಿರುದ್ಧ ಅಜಯ್ ಕುಮಾರ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಒಂದು ದೊಡ್ಡ ಗೊಂದಲ ಬಿಡಿಸಿತು. ಅಂಗಕ್ಕೆ ಎಷ್ಟು ಪರ್ಸೆಂಟ್ ನಷ್ಟವಾಯಿತು ಎನ್ನುವುದು ಒಂದು. ದುಡಿಮೆಗೆ ಎಷ್ಟು ನಷ್ಟವಾಯಿತು ಎನ್ನುವುದು ಇನ್ನೊಂದು. ಎಡಗೈ ಹೋದರೆ ಡ್ರೈವರ್ ಅಥವಾ ಬಡಗಿಯ ದುಡಿಮೆ ಪೂರ್ತಿ ಹೋದಂತೆ, ಸರ್ಕಾರಿ ಗುಮಾಸ್ತನದು ಅಷ್ಟಾಗಿ ಹೋಗದಿರಬಹುದು ಎಂದು ಅದೇ ತೀರ್ಪಿನಲ್ಲಿದೆ. ಬೇಕಾದಂತೆ ಬರೆದುಕೊಡುವ ಸರ್ಟಿಫಿಕೇಟ್‌ಗಳ ಬಗ್ಗೆ ಹುಷಾರಾಗಿರಿ ಎಂದೂ ನ್ಯಾಯಮಂಡಳಿಗಳಿಗೆ ಹೇಳಿದೆ.

ಲೆಕ್ಕ ಹಾಕಿ ನೋಡೋಣ. ಗೌಂಡಿಗೆ ತಿಂಗಳಿಗೆ 15 ಸಾವಿರ ಎಂದು ಹಿಡಿಯಿರಿ. ವರ್ಷಕ್ಕೆ 1.8 ಲಕ್ಷ. ವಯಸ್ಸು 31ರಿಂದ 35ರ ಒಳಗಿದ್ದರೆ 16ರಿಂದ ಗುಣಿಸಬೇಕೆಂದು 2009ರ ಸರಳಾ ವರ್ಮಾ ತೀರ್ಪು ಹೇಳುತ್ತದೆ. 28.8 ಲಕ್ಷ ಆಯಿತು. ಡಾಕ್ಟರ್ ಕಾಲಿಗೆ 30 ಪರ್ಸೆಂಟ್ ನಷ್ಟ ಎಂದಿದ್ದಾರೆ. ಇಡೀ ದೇಹಕ್ಕೆ ಅದರ ಮೂರನೇ ಒಂದು ಭಾಗ ಹಿಡಿಯುವ ರೂಢಿ ನಮ್ಮ ಕಡೆಯ ತೀರ್ಪುಗಳಲ್ಲಿ ಸಾಮಾನ್ಯ. 10 ಪರ್ಸೆಂಟ್, ಅಂದರೆ 2.88 ಲಕ್ಷ. ಸಾರವೆ ಹತ್ತಲಾಗದ, ಕುಕ್ಕರಗಾಲಲ್ಲಿ ಕೂರಲಾಗದ ಗೌಂಡಿಯ ದುಡಿಮೆ ಕಾಲು ಭಾಗವಾದರೂ ಹೋಗಿದೆ ಎಂದು ದಾಖಲೆ ಸಮೇತ ತೋರಿಸಿದರೆ 7.2 ಲಕ್ಷ. ಮುಂದೆ ಆದಾಯ ಏರುವ ಲೆಕ್ಕ, ನೋವಿನ ಪರಿಹಾರ ಎಲ್ಲ ಬಿಟ್ಟು ಹೇಳುತ್ತಿದ್ದೇನೆ. ಕಾಲು ಅದೇ, ಎಕ್ಸ್‌ರೇ ಅದೇ. ಡಾಕ್ಟರ್ ಏನು ಬರೆದರು ಎನ್ನುವುದರಲ್ಲಿ ನಾಲ್ಕು ಲಕ್ಷಕ್ಕೂ ಮೇಲಿನ ವ್ಯತ್ಯಾಸ.

ಪರಿಹಾರ ಒಂದೇ ಸಲ, ಇಡಿಗಂಟಾಗಿ ಬರುತ್ತದೆ. ಮುಂದೆ ಕೀಲು ಬದಲಿಸಬೇಕಾಗಬಹುದು ಎಂದು ಮೊದಲೇ ಡಾಕ್ಟರ್ ಬರೆದು, ಖರ್ಚಿನ ಅಂದಾಜು ಕೊಟ್ಟರೆ ಭವಿಷ್ಯದ ಚಿಕಿತ್ಸೆಯ ಹೆಸರಲ್ಲಿ ಕೇಳಬಹುದು. ಬರೆಯದಿದ್ದರೆ ಆರು ವರ್ಷದ ಮೇಲೆ ಮತ್ತೆ ಬಾಗಿಲು ತಟ್ಟುವುದು ಬಹಳ ಕಷ್ಟ. ಮೇಲ್ಮನವಿಗೆ ಬಾಗಲಕೋಟೆ, ಬೆಳಗಾವಿಯವರು ಧಾರವಾಡ ಪೀಠಕ್ಕೆ ಹೋಗಬೇಕು, ವಿಜಯಪುರದವರು ಕಲಬುರಗಿ ಪೀಠಕ್ಕೆ. ಕುಂಟು ಕಾಲಿಗೆ ಎರಡೂ ದೂರ.

ಮೊದಲ ದಿನದ ಮಾತಿಗೆ ಇನ್ನೂ ತೂಕ ಜಾಸ್ತಿ. ಪೊಲೀಸ್ ಕೇಸ್ ಯಾಕೆ ಬೇಕು ಎಂದು ‘ತಾನೇ ಸ್ಲಿಪ್ ಆಗಿ ಬಿದ್ದ’ ಎಂದು ಬರೆಸುವವರು ನಮ್ಮಲ್ಲಿ ಬಹಳ. ಟ್ರ್ಯಾಕ್ಟರ್ ನಮ್ಮೂರವರದೇ, ಮಾಲೀಕರು ಆಸ್ಪತ್ರೆ ಖರ್ಚು ಕೊಡುತ್ತೇನೆ ಎಂದಿದ್ದಾರೆ, ಇನ್ನೇನು? ಆ ಒಂದು ವಾಕ್ಯದಿಂದ ಕೋಡ್ ವಿ28 ಆಗುತ್ತದೆ. ಆಮೇಲೆ ಮಾಲೀಕರು ಕೈಯೆತ್ತಿದರೆ, ವಿಮಾ ಕಂಪನಿಯ ವಕೀಲರು ಮೊದಲು ತೆಗೆಯುವ ಕಾಗದ ಅದೇ. ಉಲ್ಟಾ ಆಟವೂ ನಡೆಯುತ್ತದೆ. ತಾನೇ ಬಿದ್ದವನಿಗೆ ವಾರದ ಮೇಲೆ ವಿಮೆ ಇರುವ ವಾಹನವೊಂದು ‘ಗುದ್ದುತ್ತದೆ’. ಇಂಥವರ ದೆಸೆಯಿಂದ ನಿಜವಾಗಿ ಗುದ್ದಿಸಿಕೊಂಡವರನ್ನೂ ನ್ಯಾಯಮಂಡಳಿ ಅನುಮಾನದಿಂದ ನೋಡುವಂತಾಗಿದೆ.

ಖಾಸಗಿ ಆರೋಗ್ಯ ವಿಮೆ ಇದ್ದವರಿಗೆ ಕೋಡ್ ನೇರವಾಗಿಯೇ ತಾಗುತ್ತದೆ. ಆಸ್ಪತ್ರೆ ತುಂಬುವ ಕ್ಲೇಮ್ ಫಾರ್ಮ್‌ನ ಬಿ ಭಾಗದಲ್ಲಿ ಐಸಿಡಿ-10 ಕೋಡ್‌ಗೆ ಜಾಗವಿದೆ. ಗಾಯವಾದರೆ ರಸ್ತೆ ಅಪಘಾತವೇ, ಪೊಲೀಸರಿಗೆ ತಿಳಿಸಿದ್ದೀರಾ ಎಂಬ ಪ್ರಶ್ನೆಗಳೂ ಇವೆ. ಬಹಳಷ್ಟು ಪಾಲಿಸಿಗಳಲ್ಲಿ ಕೀಲು ಬದಲಿಸುವ ಆಪರೇಷನ್‌ಗೆ ಕೆಲವು ವರ್ಷ ಕಾಯಬೇಕೆಂಬ ಷರತ್ತಿರುತ್ತದೆ. ಅಪಘಾತದಿಂದ ಬಂದದ್ದಾದರೆ ಆ ಕಾಯುವಿಕೆ ಅನ್ವಯಿಸುವುದಿಲ್ಲ ಎಂದೂ ಅಲ್ಲೇ ಬರೆದಿರುತ್ತದೆ. ಎಂ17.9 ಎಂದು ಬರೆದರೆ ಕಾಯಿರಿ ಎನ್ನುತ್ತಾರೆ. ಎಂ17.3 ಮತ್ತು ಟಿ93.2 ಎಂದು ಬರೆದು, ಅಪಘಾತ ಪಾಲಿಸಿ ಇದ್ದಾಗಲೇ ಆದದ್ದು ಎಂದು ತೋರಿಸಿದರೆ ವಾದಿಸಲು ಆಧಾರ ಸಿಗುತ್ತದೆ. ಪಾಲಿಸಿ ತೆಗೆದುಕೊಳ್ಳುವ ಮೊದಲೇ ಅಪಘಾತವಾಗಿದ್ದರೆ ಇದೇ ಕೋಡ್ ‘ಮೊದಲೇ ಇದ್ದ ಕಾಯಿಲೆ’ ಎಂದು ತಿರುಗಿ ಬೀಳಬಹುದು. ಹಾಗೆಂದು ಮುಚ್ಚಿಡುವುದು ಬುದ್ಧಿವಂತಿಕೆಯಲ್ಲ. ಪಾಲಿಸಿ ಫಾರ್ಮ್‌ನಲ್ಲಿ ಮುಚ್ಚಿಟ್ಟದ್ದು ಹೊರಬಂದರೆ ಕ್ಲೇಮ್ ಪೂರ್ತಿ ಹೋಗಬಹುದು.

ಆಯುಷ್ಮಾನ್‌ನಲ್ಲಿ ಈ ತಾಪತ್ರಯ ಇಲ್ಲ, ಏಕೆಂದರೆ ಅಲ್ಲಿ ಹಣ ಬರುವುದು ಪ್ಯಾಕೇಜ್‌ಗೆ. ಮೊಣಕಾಲು ಬದಲಿಸಿದರೆ ಇಷ್ಟು ಎಂದು ನಿಗದಿ. ಅದು ವಯಸ್ಸಿಗೆ ಸವೆದದ್ದೋ ಟ್ರೇಲರ್‌ಗೆ ಗುದ್ದಿದ್ದೋ ಎನ್ನುವುದರಿಂದ ಪ್ಯಾಕೇಜ್ ಬದಲಾಗುವುದಿಲ್ಲ. ರೋಗಿಗೆ ಒಳ್ಳೆಯದೇ. ಲೆಕ್ಕಕ್ಕೆ ಮಾತ್ರ ಅಲ್ಲಿಯೂ ದಾರ ತುಂಡು.

ಏನು ಮಾಡಬಹುದು

ವಿಶ್ವ ಆರೋಗ್ಯ ಸಂಸ್ಥೆಯ ಐಸಿಡಿ-11 2022ರ ಜನವರಿ 1ರಿಂದ ಜಾರಿಗೆ ಬಂದಿದೆ. ಅದರಲ್ಲಿ ಹಲವು ಕೋಡ್‌ಗಳನ್ನು ಒಂದಕ್ಕೊಂದು ಕಟ್ಟಿ ಒಂದು ಸರವಾಗಿ ಬರೆಯಬಹುದು. ಈಗಿನ ತೊಂದರೆ, ಅದರ ಹಿಂದಿನ ಗಾಯ, ಅದಕ್ಕೆ ಕಾರಣವಾದ ವಾಹನ ಎಲ್ಲ ಒಂದೇ ಸಾಲಿನಲ್ಲಿ. ಕಾಗದದ ಮೇಲೆ ಚೆನ್ನಾಗಿದೆ. ಆದರೆ ಮೂರು ಅಂಕಿಯ ಕೋಡ್ ಬರೆಯಲು ಪುರಸೊತ್ತಿಲ್ಲದ ಕಡೆ ಸರ ಪೋಣಿಸುವವರು ಯಾರು? ಹೊಸ ಆವೃತ್ತಿ ಬಂದರೆ ಸರಿಹೋಗುತ್ತದೆ ಎಂದು ಕಾಯುವುದರಲ್ಲಿ ನನಗೆ ನಂಬಿಕೆ ಇಲ್ಲ.

ಅದಕ್ಕಿಂತ ಸುಲಭದ ಕೆಲಸವೊಂದಿದೆ. ಮೂಳೆ, ನರ, ಫಿಸಿಯೋಥೆರಪಿ ಓಪಿಡಿಗಳಲ್ಲಿ ಚೀಟಿ ಮಾಡುವಾಗಲೇ ಒಂದು ಪ್ರಶ್ನೆ ಕೇಳಬೇಕು: ‘ಇದು ಹಳೇ ಆಕ್ಸಿಡೆಂಟಿಂದ ಬಂದದ್ದಾ? ಯಾವ ವರ್ಷ, ಏನಕ್ಕೆ ಗುದ್ದಿತ್ತು?’ ಉತ್ತರ ಚೀಟಿಯ ಮೇಲಿದ್ದರೆ ಡಾಕ್ಟರ್ ಒಂದು ಸಾಲು ಬರೆಯುತ್ತಾರೆ, ಮೆಡಿಕಲ್ ರೆಕಾರ್ಡ್ಸ್ ವಿಭಾಗದವರು ಎರಡನೇ ಕೋಡ್ ಹಾಕುತ್ತಾರೆ. ಬೆಳಗಾವಿಯ ಬಿಮ್ಸ್‌ನಂಥ ಸರ್ಕಾರಿ ಕಾಲೇಜು ಆಸ್ಪತ್ರೆಯಲ್ಲೋ ವಿಜಯಪುರ, ಬಾಗಲಕೋಟೆಯ ಮೆಡಿಕಲ್ ಕಾಲೇಜುಗಳಲ್ಲೋ ಒಂದು ಸೀಸನ್ ಇದನ್ನು ಮಾಡಿ ನೋಡಿದರೆ ಸಾಕು. ಸ್ನಾತಕೋತ್ತರ ವಿದ್ಯಾರ್ಥಿಗಳು ಪ್ರಬಂಧಕ್ಕೆ ವಿಷಯ ಹುಡುಕುತ್ತಲೇ ಇರುತ್ತಾರೆ.

ಮನೆಯವರು ಮಾಡಬೇಕಾದದ್ದು ಇದಕ್ಕಿಂತ ಅವಸರದ್ದು. ಮೊದಲ ದಿನ ಎಂಎಲ್‌ಸಿ (ಪೊಲೀಸರಿಗೆ ತಿಳಿಸಬೇಕಾದ ಗಾಯ ಎಂದು ಆಸ್ಪತ್ರೆ ಮಾಡುವ ದಾಖಲೆ) ಮಾಡಿಸಿ, ನಡೆದದ್ದನ್ನು ನಡೆದಂತೆ ಹೇಳಿ. ಡಿಸ್ಚಾರ್ಜ್ ಆಗುವಾಗ ಸಮ್ಮರಿ ಒಂದೇ ಸಾಲದು, ಆಪರೇಷನ್ ನೋಟ್ಸ್, ಎಕ್ಸ್‌ರೇ, ಸಿ.ಟಿ. ಎಲ್ಲದರ ಪ್ರತಿ ಕೇಳಿ. ಕೇಳಿದ 72 ಗಂಟೆಯೊಳಗೆ ದಾಖಲೆ ಕೊಡಬೇಕೆಂದು 2002ರ ಅದೇ ನಿಯಮದಲ್ಲಿದೆ. ಫೋನಿನಲ್ಲಿ ಫೋಟೋ ತೆಗೆದು ಇಬ್ಬರ ಬಳಿ ಇಟ್ಟರೆ ಟ್ರಂಕಿನ ಇಲಿ ಏನೂ ಮಾಡಲಾರದು. ಆಮೇಲೆ ಯಾವ ಡಾಕ್ಟರ್ ಹತ್ತಿರ ಹೋದರೂ, ‘ಸರ್, ಇದು ಆ ಆಕ್ಸಿಡೆಂಟಿಂದ ಬಂದದ್ದು ಅಂತ ಒಂದು ಸಾಲು ಬರೀರಿ’ ಎಂದು ಕೇಳಲು ಮುಜುಗರ ಬೇಡ. ಅಪಘಾತದಿಂದಲೇ ಬಂದದ್ದು ಎಂದು ಅವರಿಗೆ ಅನ್ನಿಸದಿದ್ದರೆ ಬರೆಯುವುದಿಲ್ಲ, ಅದೂ ಸರಿಯೇ.

ಉಳಿದದ್ದು ಜಿಲ್ಲಾಡಳಿತದ ಪಾಲು. ಜಿಲ್ಲಾಧಿಕಾರಿ ಅಧ್ಯಕ್ಷತೆಯ ರಸ್ತೆ ಸುರಕ್ಷತಾ ಸಮಿತಿ ಬ್ಲ್ಯಾಕ್ ಸ್ಪಾಟ್ ಗುರುತಿಸುವುದು ಪೊಲೀಸ್ ಲೆಕ್ಕ ಹಿಡಿದು. ಸುಮಾರು 500 ಮೀಟರ್ ರಸ್ತೆಯಲ್ಲಿ ಮೂರು ವರ್ಷಕ್ಕೆ ಸಾವು ಅಥವಾ ತೀವ್ರ ಗಾಯದ 5 ಅಪಘಾತ, ಇಲ್ಲವೇ 10 ಸಾವು ಆಗಿರಬೇಕು. ಈ ಅಳತೆ ಒಂದು ಜಾಗದಲ್ಲಿ ಪದೇ ಪದೇ ಆಗುವ ಅಪಘಾತವನ್ನು ಹಿಡಿಯುತ್ತದೆ. ಕಬ್ಬಿನ ಟ್ರೇಲರ್ ಒಂದು ಜಾಗದಲ್ಲಿ ನಿಲ್ಲುವುದಿಲ್ಲ, ಇವತ್ತು ಮುಧೋಳದ ತಿರುವಿನಲ್ಲಿ ಕೆಟ್ಟರೆ ನಾಳೆ ರಾಯಬಾಗದ ಹತ್ತಿರ. ಅದರ ಹಾನಿ ನಕ್ಷೆಯಲ್ಲಿ ಚುಕ್ಕೆಯಾಗಿ ಕಾಣುವುದಿಲ್ಲ, ಮೂರು ಜಿಲ್ಲೆಯ ಮೂಳೆ ಓಪಿಡಿಗಳಲ್ಲಿ ಕಾಣುತ್ತದೆ. ಆ ಓಪಿಡಿಗಳ ಲೆಕ್ಕ ಸಮಿತಿಯ ಮೇಜಿಗೆ ಬಂದರೆ, ಅಕ್ಟೋಬರ್‌ನಲ್ಲಿ ಗಾಣ ಶುರುವಾಗುವ ಮೊದಲು ಕಾರ್ಖಾನೆಯವರನ್ನು ಕರೆಸಿ ‘ಹಿಂದಿನ ಸೀಸನ್ನುಗಳ ಟ್ರೇಲರ್‌ಗಳಿಂದ ಇಷ್ಟು ಜನ ಇನ್ನೂ ಕುಂಟುತ್ತಿದ್ದಾರೆ, ರಿಫ್ಲೆಕ್ಟರ್ ಇಲ್ಲದ ಗಾಡಿಯ ಕಬ್ಬು ತೂಕಕ್ಕೆ ಹಾಕಬೇಡಿ’ ಎಂದು ಅಂಕಿ ಹಿಡಿದು ಹೇಳಬಹುದು. ಈಗ ಹೇಳುವುದೆಲ್ಲ ಬರೀ ಮನವಿ.